ತಂಗಡಿಯ ದಾಯಾದಿಗಳು

(ಚಿತ್ರದುರ್ಗದ ಒಂದು ಬಡಾವಣೆಯ ಪಾರ್ಕು. ಪಾರ್ಕು ಅನ್ನುವುದು ಬೋರ್ಡಿನಲ್ಲಿ ಮಾತ್ರ, ಉಳಿದದ್ದೆಲ್ಲ ಕಲ್ಲು. ಸಂಘದ ಖಜಾಂಚಿ ರುದ್ರಪ್ಪನ ಕೈಯಲ್ಲಿ ನರ್ಸರಿಯ ಕೊಟೇಶನ್ನು, ನಿವೃತ್ತ ಮೇಷ್ಟ್ರ ಕೈಯಲ್ಲಿ ಹಳದಿ ಹೂವಿನ ರೆಂಬೆ. ಕಸ ಗುಡಿಸುವ ಈರಕ್ಕ ಪೊರಕೆ ಊರಿ ನಿಂತಿದ್ದಾಳೆ.)

ರುದ್ರಪ್ಪ: ನಲವತ್ತು ಬೋಗನ್‌ವಿಲ್ಲಾ, ಗಿಡಕ್ಕೆ 250, ಒಟ್ಟು 10,000. ಸಹಿ ಹಾಕಿ ಮೇಷ್ಟ್ರೇ.

ಮೇಷ್ಟ್ರು: ಆವರಿಕೆ ಹಾಕೋಣ.

ರುದ್ರಪ್ಪ: ಪಾರ್ಕಲ್ಲಿ ಅವರೆಕಾಯಾ? ಸೊಗಡಿನ ವಾಸನೆಗೆ ಜನ ಕಾಂಪೌಂಡ್ ಹಾರ್ತಾರೆ.

ಮೇಷ್ಟ್ರು: ಅವರೆ ಅಲ್ಲ ಸ್ವಾಮಿ, ಆವರಿಕೆ. ತಂಗಡಿ ಅಂತೀರಲ್ಲ, ಅದು. ಆದ್ರೆ ನಿಮ್ಮ ಕಿವಿ ಪೂರ್ತಿ ಮೋಸ ಮಾಡಿಲ್ಲ. ಅವರೆ, ತೊಗರಿ, ಬಟಾಣಿ, ಹುಣಸೆ, ಹೊಂಗೆ ಎಲ್ಲಾ ಒಂದೇ ಕುಲ, ಇದೂ ಅದೇ ಕುಲದ್ದು. ಕಿವಿ ಅಂದ್ರೆ ನೆನಪಾಯ್ತು, ಇಲ್ನೋಡಿ, ಎಲೆಯ ಬುಡದಲ್ಲಿ ಎರಡು ಅಗಲ ಕಿವಿ. 1753ರಲ್ಲಿ ಲಿನೇಯಸ್ ಇದಕ್ಕೆ ಆರಿಕ್ಯುಲೇಟಾ, ಅಂದ್ರೆ ಕಿವಿ ಇರೋದು, ಅಂತ ಹೆಸರಿಟ್ಟ. ಹೂವಿಗೆ ಐದು ಎಸಳು, ಎಸಳಿನ ತುಂಬ ಕಿತ್ತಳೆ ಬಣ್ಣದ ನರ. ಕೇಸರ ಹತ್ತು, ಆದ್ರೆ ಮೇಲಿನ ಮೂರು ಬರೀ ತೋರಿಕೆಗೆ. ಕೆಲಸ ಮಾಡಲ್ಲ.

ರುದ್ರಪ್ಪ: ಹತ್ತರಲ್ಲಿ ಮೂರೇ? ನಮ್ಮ ಕಾರ್ಯಕಾರಿ ಸಮಿತಿಗಿಂತ ವಾಸಿ.

ಮೇಷ್ಟ್ರು: ಕೆಲಸ ಮಾಡೋವೂ ಸುಲಭಕ್ಕೆ ಬಗ್ಗಲ್ಲ. ಉಪ್ಪಿನ ಡಬ್ಬಿ ಥರ ತುದಿಯಲ್ಲಿ ಮಾತ್ರ ತೂತು. ಒಳಗೆ ಮಕರಂದವೂ ಇಲ್ಲ. ದಪ್ಪ ಕರಿ ದುಂಬಿ ಬಂದು, ಕೇಸರ ತಬ್ಬಿಕೊಂಡು, ಮೈಯನ್ನ ಗುಯ್ ಅಂತ ನಡುಗಿಸಿದ್ರೆ ಪರಾಗ ಉದುರುತ್ತೆ. ಚಂದಾ ವಸೂಲಿಗೆ ಹೋದಾಗ ನೀವು ಗೇಟು ಅಲ್ಲಾಡಿಸ್ತೀರಲ್ಲ, ಹಾಗೆ.

ರುದ್ರಪ್ಪ: ಅಲ್ಲಾಡಿಸಿದ್ರೂ ಉದುರಲ್ಲ ಬಿಡಿ. ಅವರೆ ಕುಲ ಅಂದ್ರಲ್ಲ, ಬೇರಲ್ಲಿ ಗಂಟು ಕಟ್ಟಿ ಮಣ್ಣಿಗೆ ಸಾರಜನಕ ಕೊಡುತ್ತಾ? ಗೊಬ್ಬರದ ದುಡ್ಡಾದ್ರೂ ಉಳೀಲಿ.

ಮೇಷ್ಟ್ರು: ಕೊಡಲ್ಲ. ಇದು ಸೆನ್ನಾ ಅನ್ನೋ ಜಾತಿಗೆ ಸೇರಿದ್ದು, ಆ ಜಾತಿಯವಕ್ಕೆ ಸಾಮಾನ್ಯವಾಗಿ ಬೇರುಗಂಟಿನ ಅಭ್ಯಾಸವಿಲ್ಲ. ಇಲ್ಲದ ಗುಣ ಹೇಳಿ ಹೆಣ್ಣು ಒಪ್ಪಿಸೋ ದಲ್ಲಾಳಿ ಅಲ್ಲ ನಾನು. ಸೊಪ್ಪು ಕಡಿದು ಗದ್ದೆಗೆ ತುಳಿದ್ರೆ ಹಸಿರೆಲೆ ಗೊಬ್ಬರ, ಅಷ್ಟು ಮಾತ್ರ ನಿಜ.

ರುದ್ರಪ್ಪ: ಮತ್ತೆ ಯಾಕೆ ಇದು? ರಸ್ತೆ ಬದಿ ತಾನಾಗೇ ಬೆಳೆಯೋ ಬೇಲಿ ಗಿಡ. ಇದನ್ನ ನೆಟ್ಟರೆ ಜನ ಸಂಘದವರು ದುಡ್ಡು ತಿಂದ್ರು ಅಂತಾರೆ.

ಮೇಷ್ಟ್ರು: ತಾನಾಗೇ ಬೆಳೆಯುತ್ತೆ ಅನ್ನೋ ನಂಬಿಕೆಯೇ ಇದಕ್ಕೆ ಮುಳುವಾಗಿರೋದು. ಬೆಳೆಯೋಕೆ ಜಾಗ ಬೇಕಲ್ಲ? ಬೀಳು ಭೂಮಿ ಸೈಟಾಯ್ತು, ಉಳಿದದ್ದನ್ನ ದಾಯಾದಿಗಳು ನುಂಗಿದ್ರು. ತಮಾಷೆ ನೋಡಿ, ಆ ದಾಯಾದಿಗಳೆಲ್ಲ ಇದೇ ಅವರೆ ಕುಲದವರು. ಒಂದು ಕಾಲಕ್ಕೆ ಮದರಾಸು ಪ್ರಾಂತ್ಯದ ಚರ್ಮ ಹದ ಮಾಡ್ತಿದ್ದದ್ದು ತಂಗಡಿ ತೊಗಟೆ; ಅದರಲ್ಲಿ ಸುಮಾರು ನೂರಕ್ಕೆ 18 ಪಾಲು ಟ್ಯಾನಿನ್. ಆಸ್ಟ್ರೇಲಿಯಾದಲ್ಲಿ ಹುಟ್ಟಿ ದಕ್ಷಿಣ ಆಫ್ರಿಕಾದಲ್ಲಿ ಬೆಳೆದ ವಾಟಲ್ ತೊಗಟೆ ಬಂದು ಆ ಅನ್ನ ಕಿತ್ತುಕೊಳ್ತು. ಒಣಭೂಮಿಗೆ ಅಮೆರಿಕದಿಂದ ಬಳ್ಳಾರಿ ಜಾಲಿ ಬಂತು. ಉದ್ಯಾನಕ್ಕೆ ಮಡಗಾಸ್ಕರ್‌ನಿಂದ ಗುಲ್‌ಮೊಹರ್. ಕೊನೆಗೆ ಒಡಹುಟ್ಟಿದ ಹೆಸರಿಟ್ಟುಕೊಂಡೇ ಬಂದಳು ಸೆನ್ನಾ ಸ್ಪೆಕ್ಟಾಬಿಲಿಸ್. ಇದೇ ಹಳದಿ ಹೂವು, ಆದ್ರೆ ಅಮೆರಿಕದ ಉಷ್ಣವಲಯದ ಮರ. ಅಂದಕ್ಕೆ, ನೆರಳಿಗೆ ಅಂತ ನೆಟ್ಟದ್ದು ಈಗ ಬಂಡೀಪುರ, ನಾಗರಹೊಳೆ ಕಾಡಿನೊಳಗೆ ನುಗ್ಗಿದೆ. ಅರಣ್ಯ ಇಲಾಖೆ ಕಿತ್ತು ಸುಸ್ತಾಗಿದೆ.

ಈರಕ್ಕ: ಮನೆಗೆ ಸೇರಿಸ್ಕಂಡ ನೆಂಟರು ಯಾವತ್ತು ಎದ್ದೋಗಿದ್ದಾರೆ ಸ್ವಾಮಿ?

ರುದ್ರಪ್ಪ: ನಿಲ್ಲಿ, ನಿಲ್ಲಿ. ಹೊರಗಿಂದು ಅಂತ ತಳ್ಳೋದಾದ್ರೆ ಮೆಣಸಿನಕಾಯೂ ಅಮೆರಿಕದ್ದೇ. ನಾಳೆಯಿಂದ ಬ್ಯಾಡಗಿ ಮೆಣಸಿನಕಾಯಿ ಬಿಡ್ತೀರಾ? ಸಾರಿಗೆ ಏನು ತಂಗಡಿ ಹೂ ಹಾಕ್ತೀರಾ?

ಮೇಷ್ಟ್ರು: ಒಳ್ಳೆ ಪಾಟೀಸವಾಲು, ಒಪ್ಪಿದೆ. ಹೊರಗಿನದೆಲ್ಲ ಕೆಟ್ಟದ್ದು ಅಂದ್ರೆ ಅದು ಮೂರ್ಖತನ. ಆದ್ರೆ ಮೆಣಸಿನ ಗಿಡ ಹಾಕಿದ ಹೊಲದಲ್ಲೇ ಇರುತ್ತೆ, ನೀರು ನಿಲ್ಲಿಸಿದ್ರೆ ಸಾಯುತ್ತೆ. ಬಳ್ಳಾರಿ ಜಾಲಿ ಹಾಗಲ್ಲ. ಹಣ್ಣಾದ ಕಾಯಿಯನ್ನ ದನ, ಆಡು ತಿಂದು, ಹೋದಲ್ಲೆಲ್ಲ ಸಗಣಿ, ಹಿಕ್ಕೆ ಜತೆ ಬೀಜ ಹಾಕ್ತವೆ. ಎಲ್ಲಿಂದ ಬಂದೆ ಅಂತ ಕೇಳ್ತಿಲ್ಲ ನಾನು, ಬಂದು ಏನು ಮಾಡಿದೆ ಅಂತ ಕೇಳ್ತಿದೀನಿ. ಬೋಗನ್‌ವಿಲ್ಲಾ ಬೇಲಿ ಹಾರೋ ಜಾತಿಯಲ್ಲ, ಅದರ ಮೇಲೆ ನನಗೆ ದೂರಿಲ್ಲ. ದೂರು ಕೊಟೇಶನ್ನಿನ ಮೇಲೆ. ತಂಗಡಿಯ ಎಲೆ ತಿಂದು ಬೆಳೆಯೋ ಚಿಟ್ಟೆಗಳಿವೆ, ಬೋಗನ್‌ವಿಲ್ಲಾ ಅವಕ್ಕೆ ಹಸಿರು ಪ್ಲಾಸ್ಟಿಕ್ಕಿಗೆ ಸಮ. ಈ ಕಲ್ಲಿಗೆ ನೀರು ಹೊರೋರು ಯಾರು?

ಈರಕ್ಕ: (ಪೊರಕೆ ಬದಿಗಿಟ್ಟು) ನಾನೇ.

ರುದ್ರಪ್ಪ: ಅಂದ ಬೇಡ್ವಾ? ಮರ್ಯಾದೆ ಬೇಡ್ವಾ?

ಮೇಷ್ಟ್ರು: ಮರ್ಯಾದೆ ಕೇಳಿದ್ರಾ? ಪಕ್ಕದ ತೆಲಂಗಾಣ 2014ರಲ್ಲಿ ಹುಟ್ಟಿದ ಕೂಡಲೇ ಇದನ್ನೇ ರಾಜ್ಯ ಪುಷ್ಪ ಮಾಡ್ಕೊಳ್ತು. ಅಲ್ಲಿ ಬತುಕಮ್ಮ ಹಬ್ಬದ ಹೂ ಗೋಪುರದಲ್ಲಿ ತಂಗೇಡು ಇರಲೇಬೇಕು. ಹಳೆಯ ಸಂಗಂ ತಮಿಳು ಕವಿತೆಗಳಲ್ಲಿ ಹುಡುಗಿ ಕೈಗೆ ಸಿಗದ ಪ್ರೇಮಿ ತಾಳೆಗರಿಯ ಕುದುರೆ ಏರಿ, ಇದೇ ಹೂ ಮುಡಿದು, ಬೀದಿಯಲ್ಲಿ ಮಾನ ಕಳ್ಕೊಳ್ತಾನೆ. ಮರ್ಯಾದೆ, ಅವಮರ್ಯಾದೆ ಎರಡಕ್ಕೂ ಸೈ.

ರುದ್ರಪ್ಪ: ಸಕ್ಕರೆ ಕಾಯಿಲೆಗೆ ಒಳ್ಳೇದಂತೆ. ವಾಕಿಂಗ್ ಗುಂಪು ಬೆಳಿಗ್ಗೆ ಆರಕ್ಕೇ ಬೋಳಿಸಿಬಿಡುತ್ತೆ!

ಮೇಷ್ಟ್ರು: ಇದರ ಹೂವಿನ ಕಷಾಯ ಕುಡಿಯೋ ರೂಢಿ ಇದೆ, ಹೌದು. ಅದನ್ನ ನಂಬಿ ಡಾಕ್ಟರ್ ಕೊಟ್ಟ ಮಾತ್ರೆ ಬಿಡಬೇಡಿ ಅಂತ ಒಂದು ಬೋರ್ಡು ಹಾಕಿ. ಆ ಬೋರ್ಡಿನ ಖರ್ಚು ನನ್ನದು.

ರುದ್ರಪ್ಪ: (ಮೊದಲ ಸಲ ಮುಖ ಅರಳಿ) ಸಸಿ ಎಲ್ಲಿ ಸಿಗುತ್ತೆ?

ಈರಕ್ಕ: ಸಸಿ ಯಾಕೆ? ಜೋಗಿಮಟ್ಟಿ ದಾರೀಲಿ ಕಾಯಿ ಹಪ್ಪಳದಂಗೆ ಒಣಗಿ ನೇತಾಡ್ತವೆ. ಬೀಜದ ಸಿಪ್ಪೆ ಗಟ್ಟಿ, ಮರಳಲ್ಲಿ ಉಜ್ಜಿ, ಒಂದು ರಾತ್ರಿ ನೀರಲ್ಲಿ ನೆನೆಸಿ, ಮುಂಗಾರು ಹದವಾದಾಗ ಊರಿದ್ರೆ ಆಯ್ತು. ಆಡು ಬಾಯಿ ಹಾಕೋದೂ ಕಮ್ಮಿ. ನನ್ನ ಕೂಲಿ ಮಾತ್ರ ಮರೀಬೇಡಿ.

ರುದ್ರಪ್ಪ: (ಪುಸ್ತಕ ತೆರೆದು ಬರೆಯುತ್ತ) ತಂಗಡಿ ಬೀಜ, ಖರ್ಚಿಲ್ಲ. ಬೋರ್ಡು, ಮೇಷ್ಟ್ರ ಲೆಕ್ಕ. ಈರಕ್ಕನ ಕೂಲಿ, ಎರಡು ದಿನದ್ದು. ಕೊಟೇಶನ್ನು ವಾಪಸ್.