ಅಪೀಲಿನ ವಾಯಿದೆ ತಪ್ಪಿಸಿಕೊಳ್ಳುವ ವಿಧಾನ

ಬೇಕಾಗುವ ಸಾಮಗ್ರಿ: ಡೊಂಬಿವಲಿಯ ಹಳೇ ಚಾಳಿನಲ್ಲಿ ಎರಡು ಖೋಲಿ, ಅದರ ಮೇಲೆ ಕಣ್ಣಿಟ್ಟ ಬಿಲ್ಡರ್, ಮಾತು ಬಿಟ್ಟ ದೊಡ್ಡಪ್ಪನ ಮಕ್ಕಳು, ಮತ್ತು ಖೋಲಿ ಅವರದೇ ಎಂದು ಕಲ್ಯಾಣದ ಕೋರ್ಟು ಕೊಟ್ಟ ಡಿಕ್ರಿ.

ಮೊದಲು ಡಿಕ್ರಿಯನ್ನು ಪ್ಲಾಸ್ಟಿಕ್ ಚೀಲದಲ್ಲಿ ಸುತ್ತಿ, ಲೈಟ್ ಬಿಲ್ಲುಗಳ ಕಟ್ಟಿನ ಜೊತೆ ಕಪಾಟಿನ ಮೇಲಿಡಿ. 1963ರ ಲಿಮಿಟೇಶನ್ ಕಾಯ್ದೆಯ ಪ್ರಕಾರ ಜಿಲ್ಲಾ ಕೋರ್ಟಿಗೆ ಅಪೀಲು ಹೋಗಲು 30 ದಿನ, ಹೈಕೋರ್ಟಿಗಾದರೆ 90. ಈ ಅಂಕಿ ಮನೆಯಲ್ಲಿ ಯಾರ ಬಾಯಿಂದಲೂ ಬರಬಾರದು. ಬದಲಿಗೆ ಬಂಧುಗಳ ಸಭೆ ಕರೆಯಿರಿ. ಐರೋಲಿಯ ಮಾವ ‘ಚೌತಿ ಕಳೆಯಲಿ’ ಎನ್ನುತ್ತಾರೆ. ಠಾಣೆಯ ಭಾವ ಊರಿನ ಕೋಲ ಮುಗಿಸಿ ಬರುತ್ತಾರಂತೆ. ಹಿರಿಯರ ಮಾತು ಮೀರಬೇಡಿ.

ಅಪೀಲಿಗೆ ಬೇಕಾದ ತೀರ್ಪಿನ ನಕಲಿನ ವಿಷಯದಲ್ಲಿ ಬಹಳ ಎಚ್ಚರ ಬೇಕು. ದೃಢೀಕೃತ ನಕಲಿನ ಬೆನ್ನ ಮೇಲೆ ಅರ್ಜಿ ಹಾಕಿದ್ದು ಯಾವತ್ತು, ನಕಲು ತಯಾರಾದದ್ದು ಯಾವತ್ತು, ಕೈಗೆ ಕೊಟ್ಟದ್ದು ಯಾವತ್ತು ಎಂದು ಠಸ್ಸೆ ಒತ್ತಿ ತಾರೀಖು ಬರೆದಿರುತ್ತಾರೆ. ಕೋರ್ಟು ನಕಲು ಮಾಡಲು ತೆಗೆದುಕೊಂಡ ದಿನಗಳನ್ನು ವಾಯಿದೆಯ ಲೆಕ್ಕದಿಂದ ಬಿಡುತ್ತಾರೆ. ಬೇಗ ಅರ್ಜಿ ಹಾಕಿದರೆ ಸುಮ್ಮನೆ ಇನ್ನಷ್ಟು ದಿನ ಸಿಕ್ಕಿಬಿಡುವ ಅಪಾಯವಿದೆ! ವಾಯಿದೆ ಪೂರ್ತಿ ತೀರಿದ ಮೇಲೇ ಹಾಕಿ; ಆಗ ಒಂದು ದಿನವೂ ಲಾಭವಾಗದು. ತಯಾರಾದ ನಕಲನ್ನು ತರಲು ಹೋಗುವುದನ್ನೂ ಮುಂದೂಡುತ್ತಿರಿ. ಆ ದಿನಗಳನ್ನು ಯಾರೂ ಬಿಡುವುದಿಲ್ಲ.

ವರ್ಷ ಕಳೆಯಿತೇ? ಈಗ ಧಾವಂತದಿಂದ ಓಡಿ. ಅಪೀಲಿನ ಜೊತೆ ವಿಳಂಬ ಮನ್ನಿಸಬೇಕೆಂಬ ಅರ್ಜಿ, ಲಿಮಿಟೇಶನ್ ಕಾಯ್ದೆಯ ಕಲಂ 5. ಕಾರಣ: ಸೊಂಟನೋವು. ಡಾಕ್ಟರ ಸರ್ಟಿಫಿಕೇಟು ಒಂದು ವಾರದ್ದಿದ್ದರೆ ಸಾಕು, ಉಳಿದದ್ದನ್ನು ನ್ಯಾಯಾಧೀಶರು ಊಹಿಸಿಕೊಳ್ಳಲಿ. ಕೋವಿಡ್ಡನ್ನೂ ಸೇರಿಸಿ. ಸುಪ್ರೀಂ ಕೋರ್ಟು 2020ರ ಮಾರ್ಚ್ 15ರಿಂದ 2022ರ ಫೆಬ್ರುವರಿ 28ರವರೆಗಿನ ಅವಧಿಯನ್ನು ಲೆಕ್ಕದಿಂದ ಬಿಟ್ಟಿತ್ತು. ನಿಮ್ಮ ಡಿಕ್ರಿ 2023ರದ್ದು ಎಂಬುದು ಸಣ್ಣ ವಿಷಯ.

ವಕೀಲರಿಂದ 1987ರ ಒಂದು ತೀರ್ಪು ಓದಿಸಿ. ಪ್ರತಿದಿನದ ವಿಳಂಬಕ್ಕೂ ವಿವರಣೆ ಕೇಳುವುದನ್ನು ಅತಿಗೆ ಒಯ್ಯಬಾರದು ಎಂದು ಸುಪ್ರೀಂ ಕೋರ್ಟು ಅದರಲ್ಲಿ ಹೇಳಿದೆ. ಅಲ್ಲಿ ತಡವಾಗಿದ್ದದ್ದು ಬರೀ 4 ದಿನ. ಅದನ್ನು ಹೇಳಲು ಹೋಗಬೇಡಿ. ನಮ್ಮ ಕರ್ನಾಟಕ ಗೃಹ ಮಂಡಳಿಯ ಹೆಸರನ್ನಂತೂ ಎತ್ತಲೇಬಾರದು. ಒಂದು ಜಮೀನು ವ್ಯಾಜ್ಯದಲ್ಲಿ ಮಂಡಳಿ 3966 ದಿನ ತಡವಾಗಿ ಎರಡನೇ ಅಪೀಲು ಹಾಕಿತ್ತು. ಹೈಕೋರ್ಟು ಮನ್ನಿಸಿತು, ಸುಪ್ರೀಂ ಕೋರ್ಟು 2025ರಲ್ಲಿ ಆ ಮನ್ನಣೆಯನ್ನೇ ರದ್ದು ಮಾಡಿತು. ಕಾನೂನು ವಿಭಾಗ ಇಟ್ಟುಕೊಂಡ ಮಂಡಳಿಗೇ ದಕ್ಕದ್ದು ಸೊಂಟನೋವಿಗೆ ದಕ್ಕೀತೆಂಬ ನಂಬಿಕೆ ಮಾತ್ರ ಗಟ್ಟಿಯಾಗಿರಲಿ.

ಅಷ್ಟರಲ್ಲಿ ದೊಡ್ಡಪ್ಪನ ಮಕ್ಕಳು ಕಬ್ಜೆಗಾಗಿ ಡಿಕ್ರಿ ಜಾರಿಯ ದರ್ಖಾಸ್ತು ಹಾಕಿರುತ್ತಾರೆ. ಅದಕ್ಕೆ ಅವರಿಗೆ 12 ವರ್ಷ ಸಮಯವಿದೆ, ಆದರೆ ಅವರು ಈ ಕೈಪಿಡಿ ಓದಿದವರಲ್ಲ. ಬೇಲಿಫ್ ಬಾಗಿಲಿಗೆ ಬಂದಾಗ ಅಪೀಲಿನ ಕಾಗದವನ್ನು ಮುಖಕ್ಕೆ ಹಿಡಿಯಿರಿ. ಆತ ಓದುವುದಿಲ್ಲ, ‘ಸ್ಟೇ ಆಹೇ ಕಾ?’ ಎಂದು ಮರಾಠಿಯಲ್ಲಿ ಕೇಳುತ್ತಾನೆ. ಅಪೀಲು ಹಾಕಿದ ಮಾತ್ರಕ್ಕೆ ಡಿಕ್ರಿ ನಿಲ್ಲುವುದಿಲ್ಲ. ತಡವಾದ ಅಪೀಲನ್ನು ವಿಚಾರಣೆಗೆ ಎತ್ತಿಕೊಳ್ಳಲು ಕೋರ್ಟು ನಿರ್ಧರಿಸುವವರೆಗೆ ತಡೆಯಾಜ್ಞೆ ಕೊಡುವಂತಿಲ್ಲ ಎಂದು ಸಿವಿಲ್ ಪ್ರಕ್ರಿಯಾ ಸಂಹಿತೆಯೇ ಹೇಳುತ್ತದೆ. ವಿಳಂಬದ ಅರ್ಜಿಗೆ ಮುಂದಿನ ತಾರೀಖು ಆರು ವಾರದ ಆಚೆಗಿದೆ. ಬೇಲಿಫ್ ಬೀಗ ರಿಪೇರಿಯವನನ್ನು ಜೊತೆಗೇ ಕರೆತಂದಿದ್ದಾನೆ.