ಟಿಕೆಟು ಕೇಳುವ ಫೈಲು
ಲೈಸೆನ್ಸ್ ತಪಾಸಣೆಯ ಡಿಎಲ್‌ಎಲ್ (ತಂತ್ರಾಂಶಕ್ಕೆ ನೆರವಾಗುವ) ಫೈಲು ಯಕ್ಷಗಾನದ ಟೆಂಟಿನ ಬಾಗಿಲಲ್ಲಿ ನಿಂತವನ ಹಾಗೆ: ಒಳಗೆ ಯಾವ ಪ್ರಸಂಗವಾದರೂ ಅದಕ್ಕೆ ಚಿಂತೆಯಿಲ್ಲ, ಟಿಕೆಟು ಬೇಕು. ತಂತ್ರಾಂಶ ತೆರೆಯುವಾಗ ಅದು ಸೀರಿಯಲ್ ನಂಬರನ್ನೋ ಕಂಪ್ಯೂಟರಿನ ಬೆನ್ನಿಗೆ ಸಿಕ್ಕಿಸಿದ ಡಾಂಗಲನ್ನೋ ನೋಡಿ ‘ಹೌದು’ ಅಥವಾ ‘ಇಲ್ಲ’ ಎನ್ನುತ್ತದೆ. ಕಳ್ಳರಿಗೆ ಅಷ್ಟೇ ಸಾಕು. ಎಲ್ಲಕ್ಕೂ ‘ಹೌದು’ ಎನ್ನುವ ನಕಲಿಯನ್ನು ಅದೇ ಹೆಸರಲ್ಲಿ ಕೂರಿಸುತ್ತಾರೆ. ಅದರ ಜೊತೆ ವೈರಸ್ಸೂ ನುಗ್ಗುವುದುಂಟು, ಟಿಕೆಟಿಲ್ಲದೆ. ಕಾಸು ಕೊಟ್ಟು ತಂತ್ರಾಂಶ ಕೊಂಡ ಕಾಪು, ಕಾರ್ಕಳದ ಡಿಟಿಪಿ ಅಂಗಡಿಯವರ ಡಾಂಗಲ್ ಕೆಟ್ಟರೆ ಮಾತ್ರ ಮದುವೆ ಕಾಗದ ಅರ್ಧಕ್ಕೇ ನಿಂತಿತು. ಮುಹೂರ್ತ ಮುಂದೆ ಹೋಗುವುದಿಲ್ಲವಲ್ಲ!

ಈ ಕಾಟವೇ ಇಲ್ಲದ್ದು ಮಣಿಪಾಲದ ಕೆ.ಪಿ. ರಾವ್ ಅವರ ‘ಸೇಡಿಯಾಪು’. ವಿದ್ವಾಂಸ ಸೇಡಿಯಾಪು ಕೃಷ್ಣಭಟ್ಟರ (1902–1996) ಹೆಸರಿನ ಈ ಕನ್ನಡ ತಂತ್ರಾಂಶವನ್ನು ರಾಯರು ಪುಕ್ಕಟೆ ಹಂಚಿದರು. ಅವರ ಕೀಲಿಮಣೆ ವಿನ್ಯಾಸವೇ ಮುಂದೆ ‘ನುಡಿ’ ತಂತ್ರಾಂಶಕ್ಕೂ ಆಧಾರವಾಯಿತು.