ತರಕಾರಿ ಮಾರಿದವನ ಮೊಮ್ಮಗ

ಶ್ರೀಲಂಕಾದ ದಕ್ಷಿಣದ ಹಳ್ಳಿಯೊಂದರಲ್ಲಿ ಕೈಸಾರುವತ್ತೆ ಮುಹಂದಿರಂ ಎಂಬ ದೊಡ್ಡ ಮನುಷ್ಯರು. ಮುಹಂದಿರಂ ಎನ್ನುವುದು ಬ್ರಿಟಿಷ್ ಸರ್ಕಾರ ಊರಿನ ಪ್ರಮುಖರಿಗೆ ದಯಪಾಲಿಸುತ್ತಿದ್ದ ಪದವಿ. ಬಿಳಿಯರು ಕೊಟ್ಟದ್ದನ್ನು ಅನಾದಿ ಕಾಲದ ಕುಲಗೌರವವೆಂದು ಹೊದ್ದುಕೊಳ್ಳುವುದಕ್ಕೆ ಒಂದೆರಡು ತಲೆಮಾರು ಧಾರಾಳ ಸಾಕು.

ಮಗಳು ನಂದಾಳಿಗೆ ಇಂಗ್ಲಿಷ್ ಹೇಳಿಕೊಡಲು ಬರುವ ಪಿಯಾಲ್ ಅವಳನ್ನೇ ಪ್ರೀತಿಸುತ್ತಾನೆ. ಹುಡುಗ ಓದಿದವನು, ನಡತೆಯಲ್ಲಿ ಹುಳುಕಿಲ್ಲ. ಆದರೆ ಅವನಜ್ಜ ತರಕಾರಿ ಮಾರುತ್ತಿದ್ದ! ಅಜ್ಜ ತಕ್ಕಡಿ ಹಿಡಿದ ಮೇಲೆ ಮೊಮ್ಮಗ ದೊಡ್ಡಮನೆಯ ಹುಡುಗಿಯ ಕೈ ಹಿಡಿಯುವುದುಂಟೆ? ಆ ಅಜ್ಜನ ಬದನೆಕಾಯಿ ತಿನ್ನಲು ಯಾವ ಕುಲವೂ ಅಡ್ಡ ಬಂದಿರಲಿಕ್ಕಿಲ್ಲ, ಬಿಡಿ.

ಇದು ಮಾರ್ಟಿನ್ ವಿಕ್ರಮಸಿಂಘೆ 1944ರಲ್ಲಿ ಬರೆದ ‘ಗಂಪೆರಳಿಯ’ ಕಾದಂಬರಿಯ ಕಥೆ; ಲೆಸ್ಟರ್ ಜೇಮ್ಸ್ ಪೀರಿಸ್ ಅದನ್ನು 1963ರಲ್ಲಿ ಸಿನಿಮಾ ಮಾಡಿದರು. ಮೊದಲ ಸಿಂಹಳ ಟಾಕಿ ತಯಾರಾದದ್ದು ನಮ್ಮ ಮದುರೆಯ ಸ್ಟುಡಿಯೋದಲ್ಲಿ. ಹಾಡು, ಕುಣಿತ, ಹೊಡೆದಾಟದ ಮಸಾಲೆಯೂ ಇಲ್ಲಿಂದಲೇ ರಫ್ತು. ಪೀರಿಸ್ ಅದನ್ನೆಲ್ಲ ಕೈಬಿಟ್ಟು ಕ್ಯಾಮೆರಾವನ್ನು ನಿಜವಾದ ಮನೆಯೊಳಗೆ ಇಟ್ಟರು. 1965ರಲ್ಲಿ ದೆಹಲಿಯ ಚಿತ್ರೋತ್ಸವ ಈ ಸಿನಿಮಾಕ್ಕೆ ಸ್ವರ್ಣಮಯೂರ ಕೊಟ್ಟಿತು. ಮನೆತನ, ಮಾನ, ನೋಡುವ ನಾಲ್ಕು ಜನ: ನಮ್ಮವರಿಗೆ ಸಬ್‌ಟೈಟಲ್ ಬೇಕಾಗಿತ್ತೆ ಎಂಬ ಅನುಮಾನ ನನಗೆ.

ಕಥೆಯಲ್ಲಿ ನಂದಾ ಜಿನದಾಸನೆಂಬವನ ಪಾಲಾಗುತ್ತಾಳೆ. ಮನೆತನ ಸರಿಸಮ, ಜೇಬು ಮಾತ್ರ ಖಾಲಿ. ಹೊಟ್ಟೆಗೆ ಹಿಟ್ಟಿಲ್ಲದಿದ್ದರೂ ಜುಟ್ಟಿಗೆ ಮಲ್ಲಿಗೆ ಎನ್ನುವ ಸಂಸಾರ ಸ್ವಲ್ಪ ಕಾಲ ನಡೆಯುತ್ತದೆ. ಮಲ್ಲಿಗೆಯೂ ಬಾಡಿದ ಮೇಲೆ ಅಳಿಯಂದಿರು ದುಡಿಮೆ ಹುಡುಕಿಕೊಂಡು ದೂರದೂರಿಗೆ ಹೋಗುತ್ತಾರೆ, ಸುದ್ದಿಯಿಲ್ಲ. ಇತ್ತ ದೊಡ್ಡಮನೆ ಶಿಥಿಲವಾಗುತ್ತದೆ. ವಂಶಾವಳಿಗೆ ಗೋಡೆಯ ಬಿರುಕು ಮುಚ್ಚುವ ಶಕ್ತಿಯಿಲ್ಲ.

ಆಗ ಪಿಯಾಲ್ ವ್ಯಾಪಾರದಲ್ಲಿ ಹಣ ಮಾಡಿಕೊಂಡು ಬರುತ್ತಾನೆ. ಅಜ್ಜನ ತಕ್ಕಡಿ ಪವಾಡದಂತೆ ಮಾಯ! ಯಾರಿಗೂ ತರಕಾರಿಯ ವಾಸನೆ ಹೊಡೆಯುವುದಿಲ್ಲ. ಸಂಪ್ರದಾಯಕ್ಕೆ ಮೂಗು ಇದೆ, ಆದರೆ ಹೊಸ ನೋಟಿನ ಎದುರು ಅದಕ್ಕೆ ನೆಗಡಿ. ಜಿನದಾಸ ಸತ್ತಿರಬೇಕೆಂದು ನಂಬಿ ನಂದಾ ಪಿಯಾಲ್‌ನನ್ನು ಮದುವೆಯಾಗುತ್ತಾಳೆ. ಆಮೇಲೆ ಸುದ್ದಿ ಬರುತ್ತದೆ: ಮೊದಲ ಗಂಡ ನಿಜವಾಗಿ ಸತ್ತದ್ದು ಈಗ. ನಂದಾ ಅವನಿಗಾಗಿ ಅಳುತ್ತಾಳೆ, ದುಡ್ಡಿನ ಗಂಡ ಹೊಟ್ಟೆ ಉರಿದುಕೊಂಡು ನೋಡುತ್ತಾನೆ.

ಮುಹಂದಿರಂ ಅಷ್ಟರಲ್ಲಿ ತೀರಿಕೊಂಡಿದ್ದು ಒಳ್ಳೆಯದಾಯಿತು. ಇಲ್ಲದಿದ್ದರೆ ಇಬ್ಬರು ಅಳಿಯಂದಿರಲ್ಲಿ ಯಾರನ್ನು ಮನೆತನದ ಲೆಕ್ಕಕ್ಕೆ ಸೇರಿಸಿಕೊಳ್ಳಬೇಕೆಂದು ಸರ್ಕಾರಕ್ಕೇ ಅರ್ಜಿ ಬರೆಯಬೇಕಾಗುತ್ತಿತ್ತು.